ಆ ಅರಮನೆ ನೋಡಿ ಬೆರಗಾಗಿದ್ದು ತಪ್ಪಾ?

ಪ್ರಶ್ನೆ: ನಾನು ಸಿವಿಲ್ ಎಂಜಿನಿಯರ್. ಕಂಪನಿ ಕೆಲಸದ ಮೇಲೆ ಮೂರು ವಾರ ರೊಮೇನಿಯಾದ ಬುಕಾರೆಸ್ಟ್‌ನಲ್ಲಿದ್ದೆ. ಒಂದು ಭಾನುವಾರ ಅಲ್ಲಿನ ಪಾರ್ಲಿಮೆಂಟ್ ಅರಮನೆ ನೋಡಲು ಹೋದೆ. ಸರ್ವಾಧಿಕಾರಿ ಚೌಷೆಸ್ಕು ಕಟ್ಟಿಸಿದ್ದು. ಅಮೃತಶಿಲೆ, ತೂಗುದೀಪ, ಮೆಟ್ಟಿಲುಗಳನ್ನು ನೋಡಿ ದಂಗಾಗಿ ಹೋದೆ. ಎಷ್ಟು ಟನ್ ಗಾಜು, ಎಷ್ಟು ಟನ್ ಉಕ್ಕು ಎಂದು ಗೈಡ್ ಒಂದೇ ಸಮನೆ ಲೆಕ್ಕ ಹೇಳುತ್ತಿದ್ದರು. ಮಾರನೇ ದಿನ ಊಟದ ಹೊತ್ತಿಗೆ ಅಲ್ಲಿನ ಸಹೋದ್ಯೋಗಿಯೊಬ್ಬರಿಗೆ 'ಎಂಥ ಭವ್ಯ ಕಟ್ಟಡ ನಿಮ್ಮದು' ಅಂದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, 'ನಮ್ಮಜ್ಜಿಯ ಮನೆ ಅದರ ಅಡಿಯಲ್ಲಿದೆ' ಅಂದರು. ಅಲ್ಲಿಗೆ ಮಾತು ನಿಂತುಹೋಯಿತು. ಆಗಿನಿಂದ ಮನಸ್ಸಿಗೆ ಕಸಿವಿಸಿ. ನಾನು ಮೆಚ್ಚಿದ್ದು ತಪ್ಪಾ? ಅಷ್ಟು ನೋವಿದ್ದರೆ ಯಾಕೆ ಕೆಡವಲಿಲ್ಲ? ಕಲ್ಲಿಗೇನು ಪಾಪ, ಬಳಸಿದರಾಯ್ತು ಎಂದು ಗೆಳೆಯರು ಹೇಳುತ್ತಾರೆ. ಏನೇ ಆಗಲಿ, ಅಂಥವರ ಕಾಲದಲ್ಲಿ ಗಟ್ಟಿಯಾಗಿ ಕಟ್ಟುತ್ತಿದ್ದರು ಅನ್ನೋದಾದರೂ ನಿಜ ತಾನೇ?

ಉತ್ತರ:

ನಿಮ್ಮ ಪತ್ರದಲ್ಲಿ ನಾಲ್ಕು ಪ್ರಶ್ನೆಗಳಿವೆ. ಆದರೆ ನಿಮ್ಮನ್ನು ಕೊರೆಯುತ್ತಿರುವುದು ಒಂದೇ, ಆ ಊಟದ ಮೇಜಿನ ಮೌನ. ಅಲ್ಲಿಗೆ ಕೊನೆಯಲ್ಲಿ ಬರುತ್ತೇನೆ.

ಬೆರಗಾಗಿದ್ದು ತಪ್ಪಲ್ಲ. ನೋಡಿದವರು ಬೆರಗಾಗಲಿ, ತಾವು ಎಷ್ಟು ಚಿಕ್ಕವರು ಅಂದುಕೊಳ್ಳಲಿ ಎಂದೇ ಅದನ್ನು ಕಟ್ಟಿದ್ದು. 84 ಮೀಟರ್ ಎತ್ತರ, ಸುಮಾರು 3,65,000 ಚದರ ಮೀಟರ್ ನೆಲ. ಜಗತ್ತಿನ ಅತಿ ಭಾರದ ಕಟ್ಟಡ ಅನ್ನುವ ಗಿನ್ನೆಸ್ ದಾಖಲೆಯೂ ಅದರದ್ದೇ. ಬಾಗಿಲು ಮನುಷ್ಯನ ಅಳತೆ ಮೀರಿದರೆ ಯಾರ ಕುತ್ತಿಗೆಯಾದರೂ ತಾನಾಗಿ ಮೇಲಕ್ಕೆ ಹೋಗುತ್ತದೆ. ಹಳೆ ಕಟ್ಟಡ ಉಳಿಸುವುದೇ ನನ್ನ ಕಸುಬು. ಇಷ್ಟು ವರ್ಷ ಆದಮೇಲೂ ಇಂಥ ಕಟ್ಟಡದೊಳಗೆ ಕಾಲಿಟ್ಟಾಗ ನನಗೆ ಮೊದಲು ಆಗುವುದು ಬೆರಗೇ. ಲೆಕ್ಕಾಚಾರ ಆಮೇಲೆ.

ಇನ್ನೊಂದು ಮಾತು. ನೀವು ಮೆಚ್ಚಿದ್ದರಲ್ಲಿ ದೊಡ್ಡ ಪಾಲು ಕಲ್ಲು ಕೆತ್ತಿದವರದ್ದು, ಮರಗೆಲಸದವರದ್ದು, ಗಾಜು ಊದಿದವರದ್ದು. ಮಾಡುತ್ತೇನೆ, ಮಾಡಲ್ಲ ಎಂದು ಹೇಳುವ ಸ್ವಾತಂತ್ರ್ಯ ಅವರಿಗಿರಲಿಲ್ಲ. ಕೈಚಳಕ ಮಾತ್ರ ಅವರದ್ದೇ. ಅದನ್ನು ಮೆಚ್ಚಿದರೆ ಚೌಷೆಸ್ಕುವನ್ನು ಹೊಗಳಿದ ಹಾಗಾಗುವುದಿಲ್ಲ.

ಈಗ ನಿಮ್ಮ ಗೈಡ್ ಹೇಳದೆ ಬಿಟ್ಟಿದ್ದನ್ನು ನೋಡೋಣ.

1977ರ ಮಾರ್ಚ್ 4ರಂದು ರೊಮೇನಿಯಾದಲ್ಲಿ ಭಾರಿ ಭೂಕಂಪವಾಯಿತು. 1,500ಕ್ಕೂ ಹೆಚ್ಚು ಜನ ಸತ್ತರು, ಅವರಲ್ಲಿ ಬಹುಪಾಲು ಬುಕಾರೆಸ್ಟ್‌ನವರು. ಊರನ್ನು ಮತ್ತೆ ಕಟ್ಟಬೇಕಿತ್ತು, ಅದು ನಿಜ. ಆದರೆ 1971ರಲ್ಲೇ ಚೀನಾ, ಉತ್ತರ ಕೊರಿಯಾ ಸುತ್ತಿ ಬಂದಿದ್ದ ಚೌಷೆಸ್ಕು ತಲೆಯಲ್ಲಿ ಪ್ಯೊಂಗ್ಯಾಂಗ್‌ನಂಥ ನಗರ ಕೂತುಬಿಟ್ಟಿತ್ತು. ಭೂಕಂಪ ಒಳ್ಳೆ ನೆಪವಾಯಿತು. ಉರಾನಸ್ ಎಂಬ ಗುಡ್ಡದ ಮೇಲಿನ ಬಡಾವಣೆ, ಅದರ ಸುತ್ತಲಿನ ಹಳೆ ಊರು, ಎರಡನ್ನೂ 1980ರ ದಶಕದಲ್ಲಿ ನೆಲಸಮ ಮಾಡಿದರು. ಭೂಕಂಪಕ್ಕೆ ಜಗ್ಗದೆ ನಿಂತಿದ್ದ ಮನೆಗಳೂ ಬುಲ್ಡೋಜರ್‌ಗೆ ಹೋದವು. ಸುಮಾರು 40,000 ಜನ ಜಾಗ ಬಿಟ್ಟು ಹೋಗಬೇಕಾಯಿತು. ಹತ್ತಾರು ಚರ್ಚುಗಳು, ಯಹೂದಿಗಳ ಪ್ರಾರ್ಥನಾ ಮಂದಿರಗಳು, 1830ರ ದಶಕದಿಂದ ನಡೆಯುತ್ತಿದ್ದ ಬ್ರಂಕೊವನೆಸ್ಕ್ ಆಸ್ಪತ್ರೆ, ಎಲ್ಲ ಮಣ್ಣಾದವು. 'ನಮ್ಮಜ್ಜಿಯ ಮನೆ ಅದರ ಅಡಿಯಲ್ಲಿದೆ' ಅಂದಿದ್ದು ಸುಮ್ನೆ ಬಾಯಿಮಾತಲ್ಲ. ಅವರು ನಿಮಗೆ ವಿಳಾಸ ಹೇಳಿದರು.

ನೀವು ಎಂಜಿನಿಯರ್ ಆದ್ದರಿಂದ ಇದನ್ನೂ ಹೇಳಬೇಕು. ಯೂಜೆನಿಯು ಯೊರ್ದಕೆಸ್ಕು ಎಂಬ ಎಂಜಿನಿಯರ್ ಕೆಲವು ಚರ್ಚುಗಳನ್ನು ಕೆಡವಲು ಬಿಡದೆ ಉಳಿಸಿಕೊಂಡರು. ಗೋಡೆಯ ಬುಡಕ್ಕೆ ಕಾಂಕ್ರೀಟ್ ಚೌಕಟ್ಟು ಕಟ್ಟಿ, ಪಾಯದಿಂದ ಕತ್ತರಿಸಿ, ಹಳಿಗಳ ಮೇಲೆ ಇಡೀ ಚರ್ಚನ್ನೇ ಸರಿಸುವುದು ಅವರ ಉಪಾಯ. 16ನೇ ಶತಮಾನದ ಮಿಹಾಯ್ ವೋಡಾ ಚರ್ಚು 1985ರಲ್ಲಿ ಹೀಗೆ 289 ಮೀಟರ್ ದೂರ ಹೋಯಿತು. ಚರ್ಚು ಉಳಿಯಿತು, ಕಣ್ಣಿಗೆ ಬೀಳುವುದು ತಪ್ಪಿತು. ಈಗ ಅದು ಅಪಾರ್ಟ್‌ಮೆಂಟುಗಳ ಬೆನ್ನ ಹಿಂದೆ ಅವಿತು ನಿಂತಿದೆ.

ಅರಮನೆಗೆ ಅಡಿಗಲ್ಲು ಬಿದ್ದಿದ್ದು 1984ರ ಜೂನ್ 25ರಂದು. ಮುಖ್ಯ ವಾಸ್ತುಶಿಲ್ಪಿ ಅಂಕಾ ಪೆಟ್ರೆಸ್ಕು, ಆಗ ಮೂವತ್ತೈದರ ಪ್ರಾಯ. ಅವರ ಕೈಕೆಳಗೆ ಸುಮಾರು 700 ವಾಸ್ತುಶಿಲ್ಪಿಗಳು. ಕೆಲಸಗಾರರ ಜೊತೆಗೆ ಸೈನಿಕರನ್ನೂ ದುಡಿಸಿದರು, ಹಗಲೂ ರಾತ್ರಿ, ಪಾಳಿ ಮೇಲೆ ಪಾಳಿ. ಅದೇ ವರ್ಷಗಳಲ್ಲಿ ಚೌಷೆಸ್ಕು ವಿದೇಶಿ ಸಾಲ ತೀರಿಸುವ ಹಟಕ್ಕೆ ಬಿದ್ದು ದೇಶದ ಆಹಾರವನ್ನು ಹೊರಗೆ ಮಾರುತ್ತಿದ್ದ. ಜನಕ್ಕೆ ಬ್ರೆಡ್ಡಿಗೂ ರೇಷನ್. ಚಳಿಗಾಲದಲ್ಲಿ ಮನೆ ಬೆಚ್ಚಗಿಡಲು ಶಾಖ ಇಲ್ಲ, ಸಂಜೆಯಾದರೆ ಕರೆಂಟಿಲ್ಲ. ಗೈಡ್ ಹೇಳಿದ ಸಾವಿರಾರು ಟನ್ ಗಾಜಿನ ಲೆಕ್ಕವನ್ನು ಈ ಕತ್ತಲೆಯ ಪಕ್ಕದಲ್ಲಿಟ್ಟು ನೋಡಿ. ಜನ ಅದನ್ನು ಇವತ್ತಿಗೂ ಕರೆಯುವುದು 'ಕಾಸಾ ಪೊಪೊರುಲುಯ್' ಎಂದು. ಅಂದರೆ ಜನರ ಮನೆ!

1989ರ ಡಿಸೆಂಬರ್ 25ರಂದು ಚೌಷೆಸ್ಕುವನ್ನು ಗುಂಡಿಟ್ಟು ಕೊಂದಾಗ ಕಟ್ಟಡ ಇನ್ನೂ ಮುಗಿದಿರಲಿಲ್ಲ. ಅರ್ಧಂಬರ್ಧ ನಿಂತ ಅಷ್ಟು ದೊಡ್ಡ ವಸ್ತುವನ್ನು ಏನು ಮಾಡೋದು? ಕೆಡವಿ ಅಂದವರಿದ್ದರು. ಆದರೆ ಕೆಡವುವುದಕ್ಕಿಂತ ಮುಗಿಸುವುದೇ ಅಗ್ಗ ಎಂಬ ವಾದ ಗೆದ್ದಿತು. ಊರಿಗೆ ಊರೇ ತಿಂದು ಎದ್ದ ಕಟ್ಟಡವನ್ನು ಕೆಡವಿದರೆ ಆ ಊರು ವಾಪಸ್ ಬರೋದಿಲ್ಲ ಅನ್ನೋದೂ ಇತ್ತು. ಮುಂದೆ ಪಾರ್ಲಿಮೆಂಟಿನ ಎರಡೂ ಸದನಗಳು ಅಲ್ಲಿಗೆ ಬಂದವು. 2004ರಲ್ಲಿ ಒಂದು ಮಗ್ಗುಲಿನಲ್ಲಿ ಸಮಕಾಲೀನ ಕಲೆಯ ಮ್ಯೂಸಿಯಂ ತೆರೆಯಿತು. 2008ರಲ್ಲಿ ನ್ಯಾಟೋ ಶೃಂಗಸಭೆ ಅಲ್ಲೇ ನಡೆಯಿತು. ಕೇಳಿದರೆ ನಗು ಬರುವಂಥ ಇನ್ನೊಂದು ಸಂಗತಿ: ಅಂಕಾ ಪೆಟ್ರೆಸ್ಕು 2004ರ ಚುನಾವಣೆಯಲ್ಲಿ ಗೆದ್ದು, ತಾವೇ ವಿನ್ಯಾಸ ಮಾಡಿದ ಕಟ್ಟಡದಲ್ಲಿ ನಾಲ್ಕು ವರ್ಷ ಸಂಸದೆಯಾಗಿ ಕೂತರು.

ಇನ್ನು ಗಟ್ಟಿತನದ ಮಾತು. ಇದನ್ನು ಎಲ್ಲ ಕಡೆ ಕೇಳುತ್ತೇನೆ. ದೊಡ್ಡದು ಬೇರೆ, ಗಟ್ಟಿ ಬೇರೆ. ಇದು ನಿಮಗೆ ನಾನು ಹೇಳಬೇಕಿಲ್ಲ. ಗಡುವಿನ ಭಯ ಇರುವ ಕಡೆ ಕಾಂಕ್ರೀಟು ಹದಕ್ಕೆ ಬರುವವರೆಗೆ ಕಾಯುವವರು ಯಾರು? 'ಸರ್, ಇಲ್ಲಿ ನೀರು ಇಳಿಯುತ್ತೆ' ಎಂದು ಮೇಲಿನವರಿಗೆ ಹೇಳುವ ಧೈರ್ಯ ಯಾವ ಮೇಸ್ತ್ರಿಗೆ ಇರುತ್ತೆ? ಸರ್ವಾಧಿಕಾರಿಯ ಸೈಟಿನಲ್ಲಿ ಕೆಟ್ಟ ಸುದ್ದಿ ಮೇಲಕ್ಕೆ ಹೋಗುವುದಿಲ್ಲ. ಅದು ಗೋಡೆಯೊಳಗೆ ಸೇರಿಕೊಂಡು ಮೂವತ್ತು ವರ್ಷ ಬಿಟ್ಟು ಸೋರಿಕೆಯಾಗಿ ಹೊರಗೆ ಬರುತ್ತದೆ.

ಜರ್ಮನಿಯ ನ್ಯೂರೆಂಬರ್ಗ್‌ನಲ್ಲಿ ನಾಜಿಗಳ ಮಹಾಸಭೆಗೆಂದು ಹಿಟ್ಲರನ ವಾಸ್ತುಶಿಲ್ಪಿ ಆಲ್ಬರ್ಟ್ ಸ್ಪೇರ್ ಕಟ್ಟಿಸಿದ ಜೆಪ್ಪೆಲಿನ್ ಮೈದಾನದ ವೇದಿಕೆ ಇದೆ. ಸಾವಿರ ವರ್ಷ ಆದಮೇಲೆ ಪಾಳುಬಿದ್ದರೂ ರೋಮಿನ ಅವಶೇಷಗಳ ಥರ ಚೆಂದ ಕಾಣಬೇಕು ಅನ್ನುವುದು ಸ್ಪೇರ್ ವಾದ. ಹತ್ತಿರ ಹೋಗಿ ನೋಡಿದರೆ ಅದು ಇಡೀ ಕಲ್ಲಿನದ್ದಲ್ಲ. ಒಳಗೆ ಇಟ್ಟಿಗೆ, ಕಾಂಕ್ರೀಟು. ಹೊರಗೆ ಸುಣ್ಣಕಲ್ಲಿನ ಹೊದಿಕೆ. ಸಂದಿಯಲ್ಲಿ ಮಳೆನೀರು ಇಳಿದು, ಚಳಿಗೆ ಹೆಪ್ಪುಗಟ್ಟಿ, ಕಲ್ಲು ಬಿಟ್ಟುಕೊಳ್ಳುತ್ತಿದೆ. 1967ರಲ್ಲೇ ಮೇಲಿನ ಕಂಬಸಾಲನ್ನು ಅಪಾಯ ಎಂದು ತೆಗೆಯಬೇಕಾಯಿತು. ಸಾವಿರ ವರ್ಷದ ಮಾತಾಡಿದವರ ಕೆಲಸ ಮೂವತ್ತು ವರ್ಷ ಕಳೆಯುವಷ್ಟರಲ್ಲಿ ರಿಪೇರಿಗೆ ಬಂತು.

ನಿಮಗೆ ಇಷ್ಟವಾಗುವ ಇನ್ನೊಂದು ವಸ್ತು ಬರ್ಲಿನ್‌ನಲ್ಲಿದೆ. ಹಿಟ್ಲರ್‌ಗೆ ನೂರು ಮೀಟರಿಗೂ ಎತ್ತರದ ಒಂದು ವಿಜಯದ ಕಮಾನು ಬೇಕಿತ್ತು. ಬರ್ಲಿನ್ ನೆಲ ಅಷ್ಟು ಭಾರ ಹೊರುತ್ತದಾ ಎಂದು ಪರೀಕ್ಷಿಸಲು 1941ರಲ್ಲಿ 12,650 ಟನ್ ತೂಕದ ಒಂದು ಕಾಂಕ್ರೀಟ್ ಉರುಳೆ ಕಟ್ಟಿದರು. ಯುದ್ಧ ಕೈದಿಗಳ ಕೈಯಲ್ಲಿ ಕೆಲಸ ಮಾಡಿಸಿದರು. ಮೂರು ವರ್ಷ ತುಂಬುವುದರೊಳಗೆ ಅದು 19 ಸೆಂಟಿಮೀಟರ್ ಕುಸಿಯಿತು. ಕಮಾನು ಏಳಲೇ ಇಲ್ಲ. ಉರುಳೆ ಮಾತ್ರ ಇವತ್ತಿಗೂ ಅಲ್ಲೇ ಇದೆ. ಸಿಡಿಸಿದರೆ ಅಕ್ಕಪಕ್ಕದ ಮನೆಗಳಿಗೆ ಪೆಟ್ಟು ಎಂದು ಬಿಟ್ಟರು, ಆಮೇಲೆ ಸಂರಕ್ಷಿತ ಸ್ಮಾರಕವಾಯಿತು. ನನ್ನ ಕೇಳಿದರೆ ಆ ಇಡೀ ಆಡಳಿತದ ಅತಿ ಪ್ರಾಮಾಣಿಕ ಕಟ್ಟಡ ಅದೇ. ಮೈಮೇಲೆ ಒಂದು ಅಲಂಕಾರವಿಲ್ಲ, ನೆಲದ ಸತ್ಯವನ್ನಷ್ಟೇ ಹೇಳುತ್ತದೆ.

'ಕಲ್ಲಿಗೇನು ಪಾಪ' ಅನ್ನುವ ನಿಮ್ಮ ಗೆಳೆಯರ ಮಾತು ಅರ್ಧ ಸರಿ. ಚಪ್ಪಟೆ ಕಂಬ, ಸಾಲುಸಾಲು ಕಿಟಕಿ, ಬೋಳು ಗೋಡೆ ಕಂಡರೆ 'ಫ್ಯಾಸಿಸ್ಟ್ ಶೈಲಿ' ಅನ್ನುವವರಿದ್ದಾರೆ. 1930ರ ದಶಕದಲ್ಲಿ ಪ್ಯಾರಿಸ್‌ನಲ್ಲೂ ವಾಷಿಂಗ್ಟನ್‌ನಲ್ಲೂ ಹಾಗೇ ಕಟ್ಟುತ್ತಿದ್ದರು. ಪ್ಯಾರಿಸ್‌ನಲ್ಲಿ 1937ರ ಪ್ರದರ್ಶನಕ್ಕೆಂದು ಎದ್ದ ಶಯೋ ಅರಮನೆಯ ಫೋಟೋವನ್ನು ಹೆಸರಿಲ್ಲದೆ ತೋರಿಸಿದರೆ ಎಷ್ಟೋ ಜನ ಫ್ಯಾಸಿಸ್ಟ್ ಸರ್ವಾಧಿಕಾರಿ ಮುಸೊಲಿನಿಯ ಇಟಲಿಯದ್ದು ಅಂದುಬಿಡುತ್ತಾರೆ. ಶೈಲಿ ನೋಡಿ ತೀರ್ಪು ಕೊಡಲು ಆಗೋದಿಲ್ಲ.

ಉಳಿದರ್ಧ ಇರುವುದು ಕಲ್ಲು ಬಂದ ದಾರಿಯಲ್ಲಿ. 1938ರಲ್ಲಿ ನಾಜಿ ಎಸ್‌ಎಸ್ ಪಡೆ ತನ್ನದೇ ಒಂದು ಕಲ್ಲು-ಇಟ್ಟಿಗೆ ಕಂಪನಿ ತೆರೆಯಿತು. ಫ್ಲೋಸೆನ್‌ಬುರ್ಗ್, ಮೌಟ್‌ಹೌಸೆನ್ ಎಂಬಲ್ಲಿ ಗ್ರಾನೈಟ್ ಕ್ವಾರಿಗಳ ಪಕ್ಕದಲ್ಲೇ ಬಂದಿಗಳ ಶಿಬಿರ ಹಾಕಿದರು. ಮೌಟ್‌ಹೌಸೆನ್ ಕ್ವಾರಿಯಿಂದ ಮೇಲಕ್ಕೆ 186 ಮೆಟ್ಟಿಲು. ಕೈದಿಗಳು ಬೆನ್ನ ಮೇಲೆ ಕಲ್ಲುಬಂಡೆ ಹೊತ್ತು ಅದನ್ನು ಹತ್ತಬೇಕಿತ್ತು. ಲೆಕ್ಕವಿಲ್ಲದಷ್ಟು ಜನ ಅಲ್ಲೇ ಸತ್ತರು. ಸ್ಪೇರ್‌ನ ಡ್ರಾಯಿಂಗ್ ಬೋರ್ಡಿಗೂ ಆ ಮೆಟ್ಟಿಲಿಗೂ ನೇರ ಸಂಬಂಧ ಇತ್ತು. ಆದ್ದರಿಂದ ಕಟ್ಟಡದ ಮೈ ನೋಡಿದ ಮೇಲೆ ನಾನು ಕೇಳುವುದು ಬೇರೆ ಪ್ರಶ್ನೆ: ಮೊದಲು ಇಲ್ಲಿ ಏನಿತ್ತು, ಕಲ್ಲು ಎಲ್ಲಿಂದ ಬಂತು, ಬೇಡ ಅನ್ನಲು ಯಾರಿಗಾದರೂ ಬಾಯಿತ್ತಾ?

ಸರಿ, ಏನು ಮಾಡಬಹುದು? ದಾರಿಗಳಿವೆ, ಯಾವುದೂ ಪುಕ್ಕಟೆ ಅಲ್ಲ.

ಕೆಡವಬಹುದು. ಬಲ್ಗೇರಿಯಾದ ಸೋಫಿಯಾದಲ್ಲಿ ಕಮ್ಯುನಿಸ್ಟ್ ನಾಯಕ ಗಿಯೋರ್ಗಿ ದಿಮಿತ್ರೋವ್‌ನ ಹೆಣವಿಡಲು 1949ರಲ್ಲಿ ಆರೇ ದಿನದಲ್ಲಿ ಒಂದು ಸಮಾಧಿ ಮಂದಿರ ಕಟ್ಟಿದ್ದರು. 1999ರ ಆಗಸ್ಟ್‌ನಲ್ಲಿ ಸರ್ಕಾರ ಅದನ್ನು ಸಿಡಿಮದ್ದಿಟ್ಟು ಉರುಳಿಸಲು ಹೊರಟಿತು. ಮೊದಲ ಸ್ಫೋಟಕ್ಕೆ ಅದು ಸ್ವಲ್ಪ ವಾಲಿತಷ್ಟೇ. ನಾಲ್ಕು ಸಲ ಪ್ರಯತ್ನ ಮಾಡಬೇಕಾಯಿತು. ಊರೆಲ್ಲ ನಕ್ಕಿತು. ಸಮಾಧಿಯನ್ನು ಇಷ್ಟಪಡದವರಿಗೂ ಅದರ ಮೇಲೆ ಒಂಥರಾ ಮರುಕ ಹುಟ್ಟಿತಂತೆ. (ಆರು ದಿನದ ಕೆಲಸ ಅಷ್ಟು ಗಟ್ಟಿಯಾಗಿತ್ತಲ್ಲ ಅಂತ ನೀವು ಕೇಳಬಹುದು. ಬಾಂಬು ಬಿದ್ದರೂ ತಡೆಯುವಂಥ ಗೋಡೆ ಅದು, ಲೆಕ್ಕ ಬೇರೆ.) ಬರ್ಲಿನ್‌ನಲ್ಲಿ ಪೂರ್ವ ಜರ್ಮನಿಯ 'ಗಣರಾಜ್ಯದ ಅರಮನೆ'ಯನ್ನು 2006ರಿಂದ 2008ರವರೆಗೆ ಬಿಚ್ಚಿ ತೆಗೆದರು. ಒಳಗೆ ಆರೋಗ್ಯಕ್ಕೆ ಅಪಾಯಕಾರಿಯಾದ ಆಸ್ಬೆಸ್ಟಾಸ್ ಇದ್ದದ್ದು ನಿಜವಾದ ಕಾರಣಗಳಲ್ಲಿ ಒಂದು. ಆದರೆ ಅದೇ ಜಾಗದಲ್ಲಿ ಹಿಂದಿನ ದೊರೆಗಳ ಅರಮನೆಯ ಮುಖವನ್ನು ಹೊಸದಾಗಿ ಕಟ್ಟಿದರು. ಬಿಚ್ಚಿ ತೆಗೆದ ಆ ಕಟ್ಟಡದಲ್ಲಿ ಪಾರ್ಲಿಮೆಂಟ್ ಜೊತೆಗೆ ರೆಸ್ಟೋರೆಂಟು, ಬೌಲಿಂಗ್ ಆಟ, ಡ್ಯಾನ್ಸು ಎಲ್ಲ ಇತ್ತು. ಅಲ್ಲಿ ಹರೆಯ ಕಳೆದವರಿಗೆ ಹೇಗನ್ನಿಸಿರಬೇಡ? ಒಬ್ಬರ ನೆನಪು ಅಳಿಸಿ ಇನ್ನೊಬ್ಬರ ನೆನಪು ಬರೆದ ಹಾಗಾಯಿತು. ಕೆಡವುವುದರ ದೊಡ್ಡ ಅಪಾಯ ಇದೇ. ಖಾಲಿ ಜಾಗ ಖಾಲಿಯಾಗಿ ಉಳಿಯುವುದಿಲ್ಲ. ಅಲ್ಲಿ ಏನು ಬರಬೇಕು ಎಂದು ಈಗಿನ ಅಧಿಕಾರದಲ್ಲಿರುವವರು ತೀರ್ಮಾನಿಸುತ್ತಾರೆ.

ಸುಮ್ಮನೆ ಬಿಟ್ಟುಬಿಡಬಹುದು. ಬಲ್ಗೇರಿಯಾದ್ದೇ ಬುಜ್ಲುಜಾ ಇದಕ್ಕೆ ಉದಾಹರಣೆ. ಬೆಟ್ಟದ ತುದಿಯಲ್ಲಿ ಹಾರುವ ತಟ್ಟೆಯಂತೆ ಕೂತ ಕಮ್ಯುನಿಸ್ಟ್ ಪಾರ್ಟಿ ಸ್ಮಾರಕ, 1981ರದ್ದು. 1989ರ ನಂತರ ಕಾವಲು ತೆಗೆದರು. ಕಳ್ಳರು ಲೋಹವೆಲ್ಲ ಕಿತ್ತರು, ಚಾವಣಿ ತೂತಾಯಿತು, ಮೊಸಾಯಿಕ್ ಚಿತ್ರಗಳು ಹಿಮ ಮಳೆಗೆ ಉದುರತೊಡಗಿದವು. ಈಗ ಅದನ್ನು ಉಳಿಸಲು ತಜ್ಞರು ಒದ್ದಾಡುತ್ತಿದ್ದಾರೆ. ಬಿಟ್ಟುಬಿಡುವುದು ತೀರ್ಮಾನ ಅಲ್ಲ, ತೀರ್ಮಾನವನ್ನು ಮಳೆಗೆ ವಹಿಸುವುದು. ಅದರ ಮೇಲೆ, ಪಾಳುಬಿದ್ದದ್ದು ಫೋಟೋದಲ್ಲಿ ಜಾಸ್ತಿ ಚೆಂದ ಕಾಣುತ್ತೆ, ಅದೊಂದು ತೊಂದರೆ.

ಬಳಸಬಹುದು. ಪೋಲೆಂಡಿನ ವಾರ್ಸಾದಲ್ಲಿ ಸ್ಟಾಲಿನ್ 'ಉಡುಗೊರೆ'ಯಾಗಿ ಕಟ್ಟಿಸಿಕೊಟ್ಟ 237 ಮೀಟರಿನ ಸಂಸ್ಕೃತಿ ಅರಮನೆಯಲ್ಲಿ ಇವತ್ತು ನಾಟಕ, ಸಿನಿಮಾ, ಈಜುಕೊಳ ಎಲ್ಲ ಇವೆ. ಊರಲ್ಲೇ ಚೆಂದದ ನೋಟ ಸಿಗೋದು ಅದರ ಮೇಲಿಂದ, ಯಾಕಂದರೆ ಅಲ್ಲಿಂದ ಮಾತ್ರ ಅದು ಕಾಣಿಸಲ್ಲ ಅನ್ನುವುದು ಅಲ್ಲಿನವರ ಹಳೆ ಜೋಕು. ಅಲ್ಬೇನಿಯಾದ ಟಿರಾನಾದಲ್ಲಿ ಕಮ್ಯುನಿಸ್ಟ್ ಸರ್ವಾಧಿಕಾರಿ ಎನ್ವರ್ ಹೋಜಾನ ಹೆಸರಿನ ಪಿರಮಿಡ್ ಮ್ಯೂಸಿಯಂ 1988ರಲ್ಲಿ ತೆರೆಯಿತು. ಆಡಳಿತ ಬಿದ್ದಮೇಲೆ ಮಕ್ಕಳು ಅದರ ಇಳಿಜಾರು ಗೋಡೆ ಹತ್ತಿ ಜಾರುಬಂಡೆ ಆಡುತ್ತಿದ್ದರು. ಒಮ್ಮೆ ಕೆಡವುವ ಯೋಜನೆಯೂ ಬಂತು, ಜನ ಒಪ್ಪಲಿಲ್ಲ. 2023ರಲ್ಲಿ ಅದೇ ಇಳಿಜಾರಿಗೆ ಮೆಟ್ಟಿಲು ಹಾಕಿ, ಒಳಗೆ ಹುಡುಗರಿಗೆ ತಂತ್ರಜ್ಞಾನ ಕಲಿಸುವ ಕೇಂದ್ರ ಮಾಡಿದರು. ಮಕ್ಕಳು ಆಗಲೇ ಕಂಡುಕೊಂಡಿದ್ದನ್ನು ವಾಸ್ತುಶಿಲ್ಪಿಗಳು ಆಮೇಲೆ ನೋಡಿ ಕಲಿತರು ಅನ್ನಬಹುದು. ನನಗೆ ಅದು ಇಷ್ಟ.

ಆದರೆ ಬಳಕೆ ಎಲ್ಲ ಕಡೆ ಇಷ್ಟು ಸಲೀಸಲ್ಲ. ರೋಮ್‌ನ ಎಯೂರ್ ಬಡಾವಣೆಯಲ್ಲಿ ಮುಸೊಲಿನಿ ಕಾಲದ ಬಿಳಿ ಕಟ್ಟಡವೊಂದಿದೆ, ಆರು ಅಂತಸ್ತು ಕಮಾನು, ಸಾಲಿಗೆ ಒಂಬತ್ತು. 2015ರಿಂದ ಅದು ಫೆಂಡಿ ಫ್ಯಾಷನ್ ಕಂಪನಿಯ ಮುಖ್ಯ ಕಚೇರಿ. ಥಳಥಳ ಹೊಳೆಯುತ್ತದೆ. ನೆತ್ತಿಯ ಮೇಲೆ ದೊಡ್ಡಕ್ಷರದಲ್ಲಿ ಕವಿಗಳ, ಕಲಾವಿದರ, ವೀರರ ಜನಾಂಗ ನಾವು ಎಂಬರ್ಥದ ಬರಹ. ಓದಿದವರಿಗೆ ಹೆಮ್ಮೆಯ ಮಾತು ಅನ್ನಿಸುತ್ತೆ. ಅದು ಮುಸೊಲಿನಿ 1935ರ ಅಕ್ಟೋಬರ್ 2ರಂದು, ಇಥಿಯೋಪಿಯಾ ಮೇಲೆ ದಂಡೆತ್ತಿ ಹೋಗುವ ಹಿಂದಿನ ದಿನ, ಮಾಡಿದ ಭಾಷಣದ ಮಾತು. ಚೆನ್ನಾಗಿ ತೊಳೆದು ದೀಪ ಹಾಕಿದಷ್ಟೂ ಆ ತಾರೀಖು ಮರೆಯಾಗುತ್ತದೆ.

ಇಲ್ಲಿ ನನ್ನ ಕಸುಬಿನ ಒಂದು ಗುಟ್ಟು ಹೇಳುತ್ತೇನೆ. 'ಉಳಿಸಬೇಕಾ, ಕೆಡವಬೇಕಾ' ಎಂದು ಹೊರಗೆ ಜನ ಜಗಳ ಆಡುತ್ತಾರೆ. ಒಳಗೆ, ಎಸ್ಟಿಮೇಟ್ ಬರೆಯುವ ಮೇಜಿನ ಮೇಲೆ ಆ ಪ್ರಶ್ನೆ ಬರುವುದೇ ಅಪರೂಪ. ಬರುವ ಪ್ರಶ್ನೆ: ಎಷ್ಟು ರಿಪೇರಿ? ಬಿದ್ದುಹೋದ ಕಲ್ಲು ಮತ್ತೆ ಕೂರಿಸಬೇಕಾ? ಮಾಸಿದ ಅಕ್ಷರಕ್ಕೆ ಬಣ್ಣ ಹಚ್ಚಬೇಕಾ? ಸೋರಿಕೆ ನಿಲ್ಲಿಸಿದರೆ ಸಾಕಾ, ಇಲ್ಲ ಹೊಳಪು ತರಬೇಕಾ? ಪ್ರತಿ ಸಾಲಿನ ಎದುರು ಒಂದು ಮೊತ್ತ ಇರುತ್ತೆ, ಒಂದು ಅಭಿಪ್ರಾಯವೂ ಇರುತ್ತೆ. ಮಾಮೂಲಿ ಮೇಂಟೆನೆನ್ಸ್ ಎಂದು ಸಹಿ ಹಾಕಿದ ಕಾಗದವೇ ಎಷ್ಟೋ ಸಲ ಸರ್ವಾಧಿಕಾರಿಯ ಕೆಲಸವನ್ನು ಮುಗಿಸಿಕೊಟ್ಟಿರುತ್ತದೆ.

ನ್ಯೂರೆಂಬರ್ಗ್‌ನವರು ಇದನ್ನು ಅರ್ಥ ಮಾಡಿಕೊಂಡಿದ್ದಾರೆ. ಕುಸಿಯುತ್ತಿರುವ ಆ ವೇದಿಕೆಗೆ ಕೋಟ್ಯಂತರ ಯೂರೋ ಖರ್ಚು ಮಾಡಲು ಒಪ್ಪಿದಾಗ ಒಂದು ಷರತ್ತು ಇಟ್ಟುಕೊಂಡರು: ಭದ್ರ ಮಾಡುತ್ತೇವೆ, ಮೊದಲಿನಂತೆ ಮಾಡುವುದಿಲ್ಲ. ನೀರು ಇಳಿಯದಂತೆ ನೋಡಿಕೊಳ್ಳುವುದು, ಹತ್ತುವವರ ಕಾಲು ಜಾರದಂತೆ ಮೆಟ್ಟಿಲು ಸರಿ ಮಾಡುವುದು, ಅಷ್ಟೇ. ತೆಗೆದ ಕಂಬಸಾಲು ವಾಪಸ್ ಬರುವುದಿಲ್ಲ. ಅಮೆರಿಕದ ಸೈನ್ಯ 1945ರ ಏಪ್ರಿಲ್‌ನಲ್ಲಿ ಅದರ ನೆತ್ತಿಯ ಸ್ವಸ್ತಿಕವನ್ನು ಸಿಡಿಸಿತ್ತು. ಆ ಬೋಳು ಜಾಗ ಬೋಳಾಗಿಯೇ ಇದೆ. ಹತ್ತಿರದಲ್ಲೇ 50,000 ಜನ ಕೂರಲೆಂದು ಶುರು ಮಾಡಿ ಅರ್ಧಕ್ಕೆ ನಿಂತ ಮಹಾಸಭಾಂಗಣ ಇದೆ. 2001ರಲ್ಲಿ ವಾಸ್ತುಶಿಲ್ಪಿ ಗುಂಟರ್ ಡೊಮೆನಿಗ್ ಅದರ ಗೋಡೆಗಳನ್ನು ಅಡ್ಡಡ್ಡ ಸೀಳಿಕೊಂಡು ಹೋಗುವ ಗಾಜು-ಉಕ್ಕಿನ ಓಣಿ ಹಾಕಿದರು, ಮೈಯಲ್ಲಿ ಈಟಿ ನೆಟ್ಟ ಹಾಗೆ. ಆ ಓಣಿಯಲ್ಲೇ ಮ್ಯೂಸಿಯಂ. ಆ ಕಟ್ಟಡದ ಲಂಬಕೋನಗಳ ನಡುವೆ ಅದೊಂದು ಮಾತ್ರ ಓರೆ.

ಇನ್ನೂ ಚೆನ್ನಾಗಿ ಮಾಡಿದ್ದು ಇಟಲಿಯ ಉತ್ತರ ತುದಿಯ ಬೊಲ್ಜಾನೊ ಊರು. ಅಲ್ಲಿ ಜರ್ಮನ್ ಆಡುವವರು, ಇಟಾಲಿಯನ್ ಆಡುವವರು ಒಟ್ಟಿಗಿದ್ದಾರೆ. ಮೊದಲ ಮಹಾಯುದ್ಧದ ಮೇಲೆ ಇಟಲಿ ಪಾಲಾದ ಸೀಮೆ ಅದು. 1928ರಲ್ಲಿ ಮುಸೊಲಿನಿ ಅಲ್ಲೊಂದು ವಿಜಯ ಸ್ಮಾರಕ ಎಬ್ಬಿಸಿದ. ಇಲ್ಲಿಂದಾಚೆಯವರಿಗೆ ಭಾಷೆ, ಕಾನೂನು, ಕಲೆ ಕಲಿಸಿದ್ದು ನಾವು ಎಂದು ಲ್ಯಾಟಿನ್‌ನಲ್ಲಿ ಕೆತ್ತಿಸಿದ. ಜರ್ಮನ್ ಆಡುವವರಿಗೆ ಅದು ದಿನಾ ಬೆಳಿಗ್ಗೆ ಕೆನ್ನೆಗೆ ಹೊಡೆದ ಹಾಗೆ. ಹತ್ತಾರು ವರ್ಷ ಜಗಳ, ಬೇಲಿ. ಚೌಕದ ಹೆಸರನ್ನು 'ವಿಜಯ' ಬದಲು 'ಶಾಂತಿ' ಮಾಡಿದರೆ 2002ರ ಜನಮತದಲ್ಲಿ ಹಳೇ ಹೆಸರೇ ಗೆದ್ದು ಬಂತು. ಕೊನೆಗೆ ಇತಿಹಾಸಕಾರರು ಕೂತು 2014ರಲ್ಲಿ ಸ್ಮಾರಕದ ನೆಲಮಾಳಿಗೆಯಲ್ಲಿ ಇಡೀ ಕಥೆ ಹೇಳುವ ಪ್ರದರ್ಶನ ತೆರೆದರು. ಹೊರಗೆ ಒಂದು ಕಂಬಕ್ಕೆ ಎಲ್‌ಇಡಿ ಅಕ್ಷರ ಓಡುವ ಬಳೆ ತೊಡಿಸಿದರು. ಕಲ್ಲು ಒಂದನ್ನೂ ಮುಟ್ಟಲಿಲ್ಲ.

ಅದೇ ಊರಲ್ಲಿ ಹಳೆ ಫ್ಯಾಸಿಸ್ಟ್ ಪಾರ್ಟಿ ಆಫೀಸು ಈಗ ತೆರಿಗೆ ಕಚೇರಿ. ಅದರ ಮುಖದ ಮೇಲೆ ಮುಸೊಲಿನಿ ಕುದುರೆ ಏರಿದ ದೊಡ್ಡ ಉಬ್ಬುಶಿಲ್ಪ. 'ನಂಬು, ತಲೆಬಾಗು, ಹೋರಾಡು' ಎಂಬ ಘೋಷಣೆ. 2017ರಲ್ಲಿ ಅದರ ಮೇಲೆ ಬೆಳಕಿನ ಅಕ್ಷರದಲ್ಲಿ ಚಿಂತಕಿ ಹ್ಯಾನಾ ಅರೆಂಟ್ ಮಾತನ್ನು ಇಟ್ಟರು: 'ವಿಧೇಯರಾಗುವ ಹಕ್ಕು ಯಾರಿಗೂ ಇಲ್ಲ.' ಜರ್ಮನ್, ಇಟಾಲಿಯನ್, ಲಾದಿನ್, ಅಲ್ಲಿನ ಮೂರೂ ಭಾಷೆಯಲ್ಲಿ. ಸರತಿಯಲ್ಲಿ ನಿಂತು ತೆರಿಗೆ ಕಟ್ಟಲು ಹೋಗುವವರು ಅದರಡಿ ಹಾದುಹೋಗುತ್ತಾರೆ. ಹಾಗಂತ ಇದರಲ್ಲೂ ಅಪಾಯ ಇಲ್ಲದಿಲ್ಲ. ದೀಪ ಕೆಡಬಹುದು, ಮುಂದೆ ಬರುವ ಆಡಳಿತ ಬಲ್ಬು ಬದಲಿಸದೇ ಇರಬಹುದು. ಕಲ್ಲಿಗೆ ಸಂಬಳ ಕೊಡಬೇಕಿಲ್ಲ, ವಿವರಣೆಗೆ ಪ್ರತಿ ವರ್ಷ ಬಜೆಟ್ ಬೇಕು.

ಸ್ಪೇನಿನ ಕಥೆ ಇವೆಲ್ಲಕ್ಕಿಂತ ಕಷ್ಟದ್ದು, ಅದು ಸ್ಮಾರಕವೂ ಹೌದು, ಸ್ಮಶಾನವೂ ಹೌದು. ಮ್ಯಾಡ್ರಿಡ್ ಹತ್ತಿರ ಸರ್ವಾಧಿಕಾರಿ ಫ್ರಾಂಕೊ ಕಟ್ಟಿಸಿದ ಕಣಿವೆಯ ಚರ್ಚು, 150 ಮೀಟರಿನ ಶಿಲುಬೆ, ರಾಜಕೀಯ ಕೈದಿಗಳ ದುಡಿಮೆ. ಒಳಗೆ ಅಂತರ್ಯುದ್ಧದಲ್ಲಿ ಸತ್ತ 33,000ಕ್ಕೂ ಹೆಚ್ಚು ಜನರ ಮೂಳೆಗಳು. ಎಷ್ಟೋ ಜನರದ್ದನ್ನು ಮನೆಯವರಿಗೆ ಹೇಳದೆ ತಂದು ತುಂಬಿದ್ದು. 2019ರ ಅಕ್ಟೋಬರ್ 24ರಂದು ಫ್ರಾಂಕೊನ ಶವವನ್ನು ಅಲ್ಲಿಂದ ತೆಗೆದರು. ಅದು ಸುಲಭದ ಭಾಗ. ತೇವಕ್ಕೆ ಹಾಳಾಗಿ ಒಂದರೊಳಗೊಂದು ಬೆರೆತ ಮೂಳೆಗಳಲ್ಲಿ ತಮ್ಮ ಅಜ್ಜನನ್ನು ಹುಡುಕುತ್ತಿರುವವರಿಗೆ ಕೊಡಬೇಕಾದ ಉತ್ತರ ಇನ್ನೂ ಬಾಕಿ. ಇಂಥ ಜಾಗವನ್ನು ಕೆಡವಿ ಅನ್ನುವ ಮೊದಲು ಆ ಮನೆಯವರನ್ನು ಕೇಳಬೇಕು.

ಬುಕಾರೆಸ್ಟ್‌ಗೆ ಬರೋಣ. ನನ್ನ ಅಭಿಪ್ರಾಯ ಕೇಳಿದರೆ, ಪಾರ್ಲಿಮೆಂಟ್ ಅಲ್ಲಿ ಕೂತದ್ದು ತಪ್ಪಲ್ಲ. ಒಬ್ಬನ ಬಾಯಿ ಮಾತ್ರ ನಡೆಯಲಿ ಎಂದು ಕಟ್ಟಿದ ಜಾಗದಲ್ಲಿ ನೂರಾರು ಜನ ಕಿತ್ತಾಡುತ್ತಾರೆ ಅಂದರೆ ಅದೂ ಒಂದು ತಿದ್ದುಪಡಿಯೇ. ಕೊರತೆ ಇರುವುದು ನಿಮ್ಮ ಗೈಡ್ ಹೇಳಿದ ಕಥೆಯಲ್ಲಿ. ಟನ್ ಲೆಕ್ಕ ಚೌಷೆಸ್ಕು ಹೇಳಿಸಬೇಕು ಅಂದುಕೊಂಡಿದ್ದ ಕಥೆ. ಅದನ್ನೇ ಟಿಕೆಟ್ ಕೊಟ್ಟು ಕೇಳಿದ ಮೇಲೆ ನೀವು 'ಭವ್ಯ' ಅನ್ನದೆ ಇನ್ನೇನು ಅನ್ನುತ್ತೀರಿ? ನೀವು ತೆಗೆದ ಫೋಟೋಗಳಲ್ಲಿ ಅರಮನೆಯ ಹಿಂದೆ ಚಿನ್ನದ ಗುಮ್ಮಟಗಳೇನಾದರೂ ಇದ್ದರೆ ಅದು 2018ರಲ್ಲಿ ಪ್ರತಿಷ್ಠೆಯಾದ ರಾಷ್ಟ್ರೀಯ ಕ್ಯಾಥೆಡ್ರಲ್. ಅರಮನೆಗಿಂತ ಎತ್ತರ ಇರಲಿ ಎಂದೇ ಕಟ್ಟಿದಂತಿದೆ. ದೊಡ್ಡದರ ಪಕ್ಕ ಅದಕ್ಕಿಂತ ದೊಡ್ಡದು. ಕೆಡವಲ್ಪಟ್ಟ ಚರ್ಚುಗಳಿಗೆ ಇದೇ ಉತ್ತರವಾ ಎಂದು ಅಲ್ಲಿನವರೇ ಜಗಳ ಆಡುತ್ತಿದ್ದಾರೆ. ಹೊರಗಿನವನಾದ ನಾನು ಮೂಗು ತೂರಿಸಲಾರೆ.

ಕಡೆಯದಾಗಿ ಆ ಊಟದ ಮೇಜು. ಕ್ಷಮೆ ಕೇಳುವ ಅಗತ್ಯ ಇಲ್ಲ. ಕೇಳಿದರೆ ಅವರೇ ನಿಮ್ಮನ್ನು ಸಮಾಧಾನ ಮಾಡಬೇಕಾದೀತು. ಅವರ ಅಜ್ಜಿ ಇದ್ದ ಬೀದಿಯ ಹೆಸರು ಕೇಳಿ. ಉರಾನಸ್ ಗುಡ್ಡದ ಹಳೆ ನಕ್ಷೆಗಳಿವೆ, ಫೋಟೋಗಳಿವೆ. ನೀವು ಎಂಜಿನಿಯರ್, ಹಳೆ ನಕ್ಷೆಯನ್ನು ಹೊಸದರ ಮೇಲಿಟ್ಟು ಅಳತೆ ಹೊಂದಿಸುವುದು ನಿಮಗೆ ಒಂದು ಸಂಜೆಯ ಕೆಲಸ. ಮುಂದಿನ ಸಲ ಹೋದಾಗ ಇಬ್ಬರೂ ಮಿಹಾಯ್ ವೋಡಾ ಚರ್ಚಿನಿಂದ ನಡೆಯಲು ಶುರು ಮಾಡಿ, ಅದು ಮೊದಲಿದ್ದ ಜಾಗದ ಕಡೆಗೆ. 289 ಮೀಟರ್ ಅಷ್ಟೇ. ಅಜ್ಜಿಯ ಮನೆ ಅಲ್ಲಿಂದ ಯಾವ ಕಡೆಗೆ ಎಂದು ಅವರು ಕೈ ತೋರಿಸಲಿ.